ಪ್ರವಾದನೆ: ಧರ್ಮ, ಚರಿತ್ರೆ ಮತ್ತು ಸಮಾಜದಲ್ಲಿ ಅದರ ಪಾತ್ರ – ರಾಯಚೂರು, ದೇವದುರ್ಗ, ಮಾನ್ವಿ ಸೀಮೆಯ ಹಿನ್ನೆಲೆಯಲ್ಲಿ

ಪ್ರವಾದನೆ ಎಂಬ ಪದ ಕಿವಿಗೆ ಬಿದ್ದೊಡನೆ ನಮ್ಮಲ್ಲಿ ಹೆಚ್ಚಿನವರ ಮನಸ್ಸಿಗೆ ಬರುವುದು ಭವಿಷ್ಯ ಹೇಳುವ ವಿಚಾರ. ಮುಂದೆ ಏನಾಗುವುದು, ಮಳೆ ಬರುವುದೋ ಇಲ್ಲವೋ, ಮಗಳ ಮದುವೆ ಎಂದು, ಲೋಕದ ಅಂತ್ಯ ಯಾವಾಗ – ಇಂತಹ ಪ್ರಶ್ನೆಗಳಿಗೆ ಉತ್ತರ ಕೊಡುವವನೇ ಪ್ರವಾದಿ ಎಂದು ಅನೇಕರು ತಿಳಿದಿದ್ದಾರೆ. ಪವಿತ್ರ ಬೈಬಲನ್ನು ಗಮನವಿಟ್ಟು ಓದಿದರೆ ಪ್ರವಾದನೆಯ ಮುಖ್ಯ ಕೆಲಸ ಅದಲ್ಲ ಎಂದು ತಿಳಿಯುತ್ತದೆ. ನಾಳೆಯ ಬಗ್ಗೆ ಪ್ರವಾದಿ ಮಾತನಾಡುವುದು ಇಂದು ನಾವು ನಡೆಯುತ್ತಿರುವ ದಾರಿಯನ್ನು ತೋರಿಸುವುದಕ್ಕಾಗಿ.

ಈ ವಿಷಯವನ್ನು ಇಲ್ಲಿ ರಾಯಚೂರು ನಗರ, ದೇವದುರ್ಗ ಮತ್ತು ಮಾನ್ವಿ ಸೀಮೆಯ ಉದಾಹರಣೆಗಳೊಂದಿಗೆ ಪರಿಶೀಲಿಸಲಾಗಿದೆ. ಹೀಗೆ ಮಾಡಲು ಎರಡು ಕಾರಣಗಳಿವೆ. ಒಂದು, ಆ ಸೀಮೆಯಷ್ಟು ಬಗೆಬಗೆಯ ಭವಿಷ್ಯವಾಣಿಯ ಪರಂಪರೆಗಳು ಒಂದೇ ಕಡೆ ಸೇರಿರುವ ಪ್ರದೇಶ ಕರ್ನಾಟಕದಲ್ಲಿ ವಿರಳ. ಎರಡು, ಕರಾವಳಿಯಿಂದ ಹೋದ ಅನೇಕ ಧರ್ಮಗುರುಗಳು, ಧರ್ಮಭಗಿನಿಯರು ಮತ್ತು ಶಿಕ್ಷಕರು ಆ ಭಾಗದಲ್ಲಿ ಸೇವೆ ಮಾಡುತ್ತಿದ್ದಾರೆ. ಮಾನ್ವಿ ತಾಲೂಕಿನ ಪನ್ನೂರಿನಲ್ಲಿ ಯೇಸುಸಭೆಯವರ ಶಾಲೆ ಇದೆ. ಅಲ್ಲಿನ ಜನರ ಭಯವನ್ನೂ ಭರವಸೆಯನ್ನೂ ಅರಿಯದೆ ಅಲ್ಲಿ ಶುಭಸಂದೇಶದ ಮಾತನಾಡುವುದು ಕಷ್ಟ.

ಪದದ ಅರ್ಥ

ಬೈಬಲಿನ ಹಳೆಯ ಒಡಂಬಡಿಕೆಯಲ್ಲಿ ಪ್ರವಾದಿಗೆ ಬಳಸಿರುವ ಹೀಬ್ರೂ ಪದ 'ನಾಬಿ'. ಅರಬ್ಬಿ ಭಾಷೆಯ 'ನಬಿ' ಎಂಬುದೂ ಇದರ ಬಂಧುವೇ. ರಾಯಚೂರಿನ ಹಳ್ಳಿಗಳಲ್ಲಿ ನಬಿಸಾಬ ಎಂಬ ಹೆಸರು ಸಾಮಾನ್ಯ. ಗ್ರೀಕ್ ಭಾಷೆಯ ಪದಕ್ಕೆ ಇನ್ನೊಬ್ಬರ ಪರವಾಗಿ ಮಾತನಾಡುವವನು ಎಂಬ ಅರ್ಥವಿದೆ. ಕನ್ನಡದಲ್ಲಿ ಈ ವಿಷಯಕ್ಕೆ ಹಲವು ಪದಗಳಿದ್ದು, ಒಂದೊಂದೂ ಒಂದೊಂದು ಪರಂಪರೆಗೆ ಸೇರಿದ್ದು:

ಪ್ರವಾದನೆ – ಕ್ರೈಸ್ತರು ಬಳಸುವ ಪದ. ದೇವರ ಹೆಸರಿನಲ್ಲಿ ಜನರೊಡನೆ ಆಡುವ ಮಾತು.

ಕಾಲಜ್ಞಾನ – ಶರಣರು ಮತ್ತು ಅವಧೂತರು ಬರಲಿರುವ ಕಾಲದ ಬಗ್ಗೆ ಹೇಳಿದರೆಂದು ನಂಬಲಾದ ವಚನಗಳು.

ಕಾರಣಿಕ – ಜಾತ್ರೆಯಲ್ಲಿ ಗೊರವಯ್ಯನ ಬಾಯಿಂದ ಬರುವ ಒಂದು ಸಾಲಿನ ದೇವವಾಣಿ.

ಹೇಳಿಕೆ – ಮೈಮೇಲೆ ದೇವರು ಬಂದವರು, ಮೊಹರಮ್ಮಿನಲ್ಲಿ ಅಲಾಯಿ ದೇವರನ್ನು ಹೊತ್ತವರು ಹೇಳುವ ಮಾತು.

ನುಡಿ – ನಮ್ಮ ಕರಾವಳಿಯ ಭೂತಕೋಲದಲ್ಲಿ ದೈವ ಕೊಡುವ ಅಭಯ ಅಥವಾ ತೀರ್ಪು.

ಜ್ಯೋತಿಷ್ಯ, ಕಣಿ, ಶಕುನ – ಲೆಕ್ಕ ಅಥವಾ ಗುರುತುಗಳಿಂದ ವ್ಯಕ್ತಿಯ ಭವಿಷ್ಯವನ್ನು ಊಹಿಸುವುದು.

ಇವೆಲ್ಲವನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ತಪ್ಪು. ಯಾವುದು ಜನರನ್ನು ಎಚ್ಚರಿಸುತ್ತದೆ, ಯಾವುದು ಜನರನ್ನು ಕಟ್ಟಿಹಾಕುತ್ತದೆ ಎಂಬುದನ್ನು ಬೇರೆ ಬೇರೆಯಾಗಿ ನೋಡಬೇಕು.

ಬೈಬಲಿನ ಪ್ರವಾದಿಗಳು

ಕ್ರಿಸ್ತಪೂರ್ವ 8ನೆಯ ಶತಮಾನದಲ್ಲಿ ತೆಕೋವ ಎಂಬ ಊರಿನ ಆಮೋಸನು ಕುರಿ ಕಾಯುತ್ತಾ, ಅತ್ತಿಮರಗಳನ್ನು ನೋಡಿಕೊಳ್ಳುತ್ತಾ ಇದ್ದವನು. ಅವನು ಬೇತೇಲಿನ ದೇವಾಲಯಕ್ಕೆ ಹೋಗಿ, ಬಡವರನ್ನು ಒಂದು ಜೊತೆ ಕೆರದ ಬೆಲೆಗೆ ಮಾರುವ ಸಮಾಜದ ಹಬ್ಬಗಳೂ ಬಲಿಗಳೂ ದೇವರಿಗೆ ಬೇಡ ಎಂದು ಸಾರಿದನು. ಅಲ್ಲಿನ ಯಾಜಕ ಅಮಚ್ಯನು, ನಿನ್ನ ಊರಿಗೆ ಹೋಗಿ ಅಲ್ಲೇ ಪ್ರವಾದನೆ ಹೇಳಿ ಹೊಟ್ಟೆ ಹೊರೆದುಕೋ ಎಂಬರ್ಥದಲ್ಲಿ ಗದರಿಸಿ ಅವನನ್ನು ಹೊರಗಟ್ಟಿದನು. ತಾನು ವೃತ್ತಿಯಿಂದ ಪ್ರವಾದಿಯಲ್ಲ ಎಂದೇ ಆಮೋಸನು ಉತ್ತರ ಕೊಟ್ಟನು. ಪ್ರವಾದನೆ ಅವನಿಗೆ ಜೀವನೋಪಾಯ ಆಗಿರಲಿಲ್ಲ.

ಎರಡನೆಯದು ಯೆರೆಮೀಯನ ಗ್ರಂಥದ 28ನೆಯ ಅಧ್ಯಾಯ. ಜೆರುಸಲೇಮಿನ ಜನರು ಬಾಬಿಲೋನಿಯದ ಹಿಡಿತದಲ್ಲಿದ್ದಾಗ ಹನನ್ಯ ಎಂಬವನು, ಎರಡೇ ವರ್ಷಗಳಲ್ಲಿ ಎಲ್ಲವೂ ಸರಿಹೋಗುವುದು ಎಂದು ದೇವರ ಹೆಸರಿನಲ್ಲಿ ಘೋಷಿಸಿದನು. ಜನರಿಗೆ ಬೇಕಾಗಿದ್ದ ಮಾತು ಅದೇ ಆಗಿತ್ತು. ಯೆರೆಮೀಯನು ಮಾತ್ರ ಕಹಿಯಾದ ಸತ್ಯವನ್ನು ಹೇಳಿದನು. ಹಿತವಾದ ಮಾತೆಲ್ಲ ದೇವರ ಮಾತಲ್ಲ ಎಂಬುದು ಇಲ್ಲಿನ ಪಾಠ.

ಮೂರನೆಯದು ಯೋನನ ಕಥೆ. ನಲವತ್ತು ದಿನಗಳಲ್ಲಿ ನಿನೆವೆ ನಾಶವಾಗುವುದು ಎಂದು ಅವನು ಸಾರಿದನು. ಜನರು ಪಶ್ಚಾತ್ತಾಪಪಟ್ಟರು, ನಗರ ಉಳಿಯಿತು. ಭವಿಷ್ಯ ಹೇಳುವವನ ಲೆಕ್ಕದಲ್ಲಿ ಯೋನನು ಸೋತನು. ದೇವರ ಲೆಕ್ಕದಲ್ಲಿ ಆ ಪ್ರವಾದನೆ ಗೆದ್ದಿತು. ಕೇಡನ್ನು ಮುಂದಾಗಿ ಹೇಳುವುದು ಅದು ನಡೆಯದಿರಲಿ ಎಂಬ ಉದ್ದೇಶದಿಂದ. ಈ ಒಂದು ಅಂಶವನ್ನು ನೆನಪಿಟ್ಟುಕೊಂಡರೆ ಮುಂದಿನ ವಿಷಯಗಳನ್ನೆಲ್ಲ ಅಳೆಯಲು ನಮಗೆ ಒಂದು ಅಳತೆಗೋಲು ಸಿಕ್ಕಂತಾಗುತ್ತದೆ.

ಎರಡು ನದಿಗಳ ನಡುವಿನ ಸೀಮೆ

ರಾಯಚೂರು ಜಿಲ್ಲೆ ಕೃಷ್ಣಾ ಮತ್ತು ತುಂಗಭದ್ರಾ ನದಿಗಳ ನಡುವೆ ಇದೆ. ರಾಯಚೂರಿನ ಕೋಟೆ 1294ರಲ್ಲಿ ಕಟ್ಟಿದ್ದು. ಈ ಫಲವತ್ತಾದ ನಾಡಿಗಾಗಿ ಬಹಮನಿ ಸುಲ್ತಾನರು ಮತ್ತು ವಿಜಯನಗರದ ಅರಸರು, ಬಳಿಕ ವಿಜಾಪುರದ ಆದಿಲ್ ಶಾಹಿಗಳು ತಲೆಮಾರುಗಳ ಕಾಲ ಹೋರಾಡಿದರು. 1520ರಲ್ಲಿ ಕೃಷ್ಣದೇವರಾಯನು ಇಸ್ಮಾಯಿಲ್ ಆದಿಲ್ ಶಾಹನನ್ನು ಸೋಲಿಸಿ ರಾಯಚೂರನ್ನು ಗೆದ್ದನು. 1565ರ ರಕ್ಕಸ-ತಂಗಡಿ ಯುದ್ಧದ ನಂತರ ವಿಜಯನಗರವೇ ಹಾಳಾಯಿತು. ಮುಂದೆ ಈ ಪ್ರದೇಶ ಹೈದರಾಬಾದಿನ ನಿಜಾಮರ ಆಳ್ವಿಕೆಗೆ ಸೇರಿ, 1948ರಲ್ಲಿ ವಿಮೋಚನೆ ಹೊಂದಿ, 1956ರಲ್ಲಿ ಏಕೀಕೃತ ರಾಜ್ಯದ ಭಾಗವಾಯಿತು.

ಧರ್ಮಸಭೆಯ ದೃಷ್ಟಿಯಿಂದ ರಾಯಚೂರು ಜಿಲ್ಲೆ ಬಳ್ಳಾರಿ ಧರ್ಮಪ್ರಾಂತ್ಯಕ್ಕೆ ಸೇರಿದೆ. ಜಿಲ್ಲೆಯ ಮುದಗಲ್ಲಿನಲ್ಲಿ ಆದಿಲ್ ಶಾಹಿ ಕಾಲದಿಂದಲೇ ಕಥೋಲಿಕ ಸಮುದಾಯವಿದೆ.

ಮಂಗಳೂರಿನಲ್ಲಿ ವರ್ಷಕ್ಕೆ 3,500 ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುತ್ತದೆ. ರಾಯಚೂರಿನಲ್ಲಿ ಸುಮಾರು 600ರಿಂದ 700 ಮಿಲಿಮೀಟರ್ ಮಾತ್ರ. ಮುಂಗಾರು ಒಂದು ತಿಂಗಳು ಕೈಕೊಟ್ಟರೆ ಕಾಲುವೆ ನೀರಿಲ್ಲದ ಹೊಲದವರು ಗಂಟುಮೂಟೆ ಕಟ್ಟಿ ಬೆಂಗಳೂರಿಗೋ ಮತ್ತೊಂದು ಕಡೆಗೋ ಗುಳೆ ಹೋಗಬೇಕಾಗುತ್ತದೆ. 2002ರಲ್ಲಿ ಸಲ್ಲಿಸಲಾದ ಡಾ. ಡಿ.ಎಂ. ನಂಜುಂಡಪ್ಪ ಸಮಿತಿಯ ವರದಿಯು ರಾಜ್ಯದ ಅತ್ಯಂತ ಹಿಂದುಳಿದ 39 ತಾಲೂಕುಗಳಲ್ಲಿ ದೇವದುರ್ಗವನ್ನು ಸೇರಿಸಿತ್ತು. ಯುದ್ಧ, ಬರ, ಬಡತನಗಳ ಇಂತಹ ನಾಡಿನಲ್ಲಿ ನಾಳೆ ಏನು ಎಂಬ ಪ್ರಶ್ನೆ ಹೊತ್ತು ಕಳೆಯುವ ಪ್ರಶ್ನೆಯಲ್ಲ.

ಕಾಲಜ್ಞಾನದ ಪರಂಪರೆ

ದೇವದುರ್ಗದ ಉತ್ತರಕ್ಕೆ ಕೃಷ್ಣಾ ನದಿಯನ್ನು ದಾಟಿದರೆ ಯಾದಗಿರಿ ಜಿಲ್ಲೆಯ ಸುರಪುರ ಸೀಮೆ ಸಿಗುತ್ತದೆ. ಅಲ್ಲಿನ ಕೊಡೇಕಲ್ಲು ಕನ್ನಡ ಕಾಲಜ್ಞಾನ ಪರಂಪರೆಯ ದೊಡ್ಡ ಕೇಂದ್ರ. ಕೊಡೇಕಲ್ಲ ಬಸವಣ್ಣನವರು ವಿಜಯನಗರದ ಕಾಲದವರೆಂದು ವಿದ್ವಾಂಸರು ಹೇಳುತ್ತಾರೆ. ಅವರ ಪರಂಪರೆಯಲ್ಲಿ ಹಿಂದೂ ಮತ್ತು ಮುಸ್ಲಿಂ ಆಚರಣೆಗಳು ಬೆರೆತಿವೆ. ಅವರ ಹೆಸರಿನ ಕಾಲಜ್ಞಾನದ ವಚನಗಳನ್ನು ಭಕ್ತರು ಇಂದಿಗೂ ಓದಿಸಿ, ಅರ್ಥ ಕೇಳಿ, ತಮ್ಮ ಕಾಲಕ್ಕೆ ಹೊಂದಿಸಿಕೊಳ್ಳುತ್ತಾರೆ.

ಸುರಪುರ ತಾಲೂಕಿನ ತಿಂಥಣಿಯಲ್ಲಿ ಕೃಷ್ಣಾ ತೀರದಲ್ಲೇ ಮೌನೇಶ್ವರರ ಕ್ಷೇತ್ರವಿದೆ. ವಿಶ್ವಕರ್ಮ ಕುಲದಲ್ಲಿ ಹುಟ್ಟಿದ ಈ ಸಂತರನ್ನು ಹಿಂದೂಗಳು ಮೋನಪ್ಪಯ್ಯ ಎಂದೂ, ಮುಸ್ಲಿಮರು ಮೋನುದ್ದೀನ್ ಎಂದೂ ಕರೆಯುತ್ತಾರೆ. ಜಾತ್ರೆಯಲ್ಲಿ ಎರಡೂ ಧರ್ಮದ ಘೋಷಗಳು ಒಟ್ಟಿಗೆ ಕೇಳುತ್ತವೆ. ದೇವದುರ್ಗದ ಕಡೆಯ ಜನರಿಗೆ ತಿಂಥಣಿ ಬ್ರಿಜ್ ದಾಟಿದರೆ ಸಾಕು, ಜಾತ್ರೆ ಸಿಕ್ಕಿತು. ರಾಯಚೂರು ಮತ್ತು ಮಾನ್ವಿಯ ತೆಲುಗು ಮಾತನಾಡುವ ಕುಟುಂಬಗಳಲ್ಲಿ ಆಂಧ್ರದ ಪೋತುಲೂರಿ ವೀರಬ್ರಹ್ಮೇಂದ್ರರ ಕಾಲಜ್ಞಾನವೂ ಪ್ರಚಲಿತ.

ಕಾಲಜ್ಞಾನದ ಗ್ರಂಥಗಳಲ್ಲಿ ಸಾಮಾನ್ಯವಾಗಿ ಮೂರು ಭಾಗಗಳನ್ನು ಕಾಣಬಹುದು. ಮೊದಲನೆಯದು ಕೆಟ್ಟ ಕಾಲದ ವರ್ಣನೆ: ಅರಸರು ಲೂಟಿಕೋರರಾಗುವುದು, ಗುರುಗಳು ಹಣಕ್ಕೆ ಮರುಳಾಗುವುದು, ಮಳೆಬೆಳೆ ತಪ್ಪುವುದು. ಎರಡನೆಯದು ರಾಜ್ಯಗಳ ಪತನದ ವಿವರ. ಮೂರನೆಯದು ಭರವಸೆ: ವೀರವಸಂತರಾಯನೆಂಬ ನ್ಯಾಯವಂತ ಅರಸನು ಬರುವನು, ಕಲ್ಯಾಣ ಪಟ್ಟಣ ಮತ್ತೆ ಕಳೆಗೂಡುವುದು. ಇಸ್ರಯೇಲ ಜನರು ದಾವೀದನ ವಂಶದ ಅರಸನಿಗಾಗಿ ಕಾದದ್ದನ್ನು ಬಲ್ಲ ನಮಗೆ ಈ ನಿರೀಕ್ಷೆಯ ದನಿ ಅಪರಿಚಿತವಲ್ಲ. ಸೋತ ಜನಾಂಗವೊಂದು, ಅನ್ಯಾಯವೇ ಕೊನೆಯ ಮಾತಲ್ಲ ಎಂದು ತನಗೆ ತಾನೇ ಹೇಳಿಕೊಂಡ ಧೈರ್ಯದ ಮಾತು ಇದು.

ಇಲ್ಲಿ ಚರಿತ್ರೆಯ ಅಧ್ಯಯನ ಮಾಡುವವರು ಒಂದು ಎಚ್ಚರಿಕೆ ಹೇಳುತ್ತಾರೆ. ವಿದ್ಯಾರಣ್ಯ ಕಾಲಜ್ಞಾನವೆಂಬ ಹೆಸರಿನ ಕೃತಿಗಳಲ್ಲಿ ವಿಜಯನಗರದ ಅರಸರ ಸಾಲು ಭವಿಷ್ಯವಾಣಿಯ ರೂಪದಲ್ಲಿದೆ. ವಿದ್ಯಾರಣ್ಯರು 14ನೆಯ ಶತಮಾನದವರಾದರೂ, ಘಟನೆಗಳು ನಡೆದ ಮೇಲೆ ಅವುಗಳನ್ನು ಭವಿಷ್ಯವೆಂಬಂತೆ ಬರೆದು ಸೇರಿಸಲಾಗಿದೆ ಎಂಬುದು ಸಂಶೋಧಕರ ಅಭಿಪ್ರಾಯ. ಇದನ್ನು ಕೇಳಿ ನಾವು ನಗಬೇಕಾಗಿಲ್ಲ. ಬೈಬಲಿನ ದಾನಿಯೇಲನ ಗ್ರಂಥದ ಕೆಲವು ಭಾಗಗಳೂ ಕ್ರಿಸ್ತಪೂರ್ವ 2ನೆಯ ಶತಮಾನದ ಹಿಂಸೆಯ ಕಾಲದಲ್ಲಿ ಅದೇ ರೀತಿ ರೂಪುಗೊಂಡವು ಎಂದು ಕಥೋಲಿಕ ಬೈಬಲ್ ವಿದ್ವಾಂಸರು ವಿವರಿಸುತ್ತಾರೆ. ಕಷ್ಟದಲ್ಲಿರುವ ಜನರಿಗೆ, ಚರಿತ್ರೆ ದೇವರ ಕೈತಪ್ಪಿ ಹೋಗಿಲ್ಲ ಎಂದು ತಿಳಿಸುವ ಸಾಹಿತ್ಯ ಪ್ರಕಾರ ಅದು.

ಕಾರಣಿಕ, ಹೇಳಿಕೆ ಮತ್ತು ಮಳೆ

ಕಾರಣಿಕಗಳಲ್ಲಿ ಹೆಚ್ಚು ಹೆಸರಾದದ್ದು ವಿಜಯನಗರ ಜಿಲ್ಲೆ ಹೂವಿನಹಡಗಲಿ ತಾಲೂಕಿನ ಮೈಲಾರದ್ದು. ಭಾರತ ಹುಣ್ಣಿಮೆಯ ಜಾತ್ರೆಯಲ್ಲಿ, ಉಪವಾಸ ವ್ರತ ಮಾಡಿದ ಗೊರವಯ್ಯನು ಎತ್ತರದ ಬಿಲ್ಲನ್ನೇರಿ, ಲಕ್ಷಾಂತರ ಜನರನ್ನು ಸುಮ್ಮನಾಗಿಸಿ, ಒಂದೇ ಒಂದು ವಾಕ್ಯ ಹೇಳಿ ಕೆಳಕ್ಕೆ ಬೀಳುತ್ತಾನೆ. ಆ ಒಗಟಿನಂತಹ ವಾಕ್ಯವನ್ನು ರೈತರು ಮಳೆಬೆಳೆಗೆ, ರಾಜಕೀಯದವರು ಸರಕಾರಕ್ಕೆ, ವ್ಯಾಪಾರಿಗಳು ಧಾರಣೆಗೆ ಹೊಂದಿಸಿ ಅರ್ಥ ಮಾಡುತ್ತಾರೆ. ಮಾತು ಒಂದೇ, ಕೇಳುವವನ ಚಿಂತೆಯಂತೆ ಅರ್ಥ ಬೇರೆ. ರಾಯಚೂರಿನ ಹಳ್ಳಿಗಳಲ್ಲಿ ಮೊಹರಮ್ಮಿನ ಅಲಾಯಿ ದೇವರ ಹೇಳಿಕೆಯನ್ನೂ ಜನ ಜಾತಿಮತ ನೋಡದೆ ಮಳೆಗಾಗಿ ಕೇಳುತ್ತಾರೆ.

ಇಂತಹ ಆಚರಣೆಗಳು ಊರನ್ನು ಒಂದುಗೂಡಿಸುತ್ತವೆ, ಬಿತ್ತನೆಗೆ ಮುನ್ನ ಮನಸ್ಸಿಗೆ ಧೈರ್ಯ ಕೊಡುತ್ತವೆ. ಅದನ್ನು ಗೌರವಿಸೋಣ. ಆದರೆ ಸಾಲ ಮಾಡಿ ಬೀಜ ಗೊಬ್ಬರ ತರುವ ರೈತನು ಹೇಳಿಕೆಯೊಂದನ್ನೇ ನಂಬಿ ನಿರ್ಧಾರ ಮಾಡಿದರೆ ನಷ್ಟ ಅವನದೇ. 2009ರ ಸೆಪ್ಟೆಂಬರ್ ಕೊನೆ ಮತ್ತು ಅಕ್ಟೋಬರ್ ಆರಂಭದಲ್ಲಿ ಉತ್ತರ ಕರ್ನಾಟಕದಲ್ಲಿ ಭೀಕರ ಪ್ರವಾಹ ಬಂದಿತು. ತುಂಗಭದ್ರೆ ಉಕ್ಕಿ ಮಂತ್ರಾಲಯವೇ ಮುಳುಗಿತು. ರಾಯಚೂರು ಜಿಲ್ಲೆಯ ಹಳ್ಳಿಗಳು ಮನೆ, ಜಾನುವಾರು, ಬೆಳೆ ಕಳೆದುಕೊಂಡವು. ಅಂತಹ ಸಮಯದಲ್ಲಿ ಜೀವ ಉಳಿಸುವುದು ಅಣೆಕಟ್ಟಿನ ನೀರಿನ ಮಟ್ಟದ ಲೆಕ್ಕ, ಹವಾಮಾನ ಇಲಾಖೆಯ ಮುನ್ಸೂಚನೆ ಮತ್ತು ಅದನ್ನು ಹೊತ್ತಿಗೆ ಸರಿಯಾಗಿ ಹಳ್ಳಿಗೆ ಮುಟ್ಟಿಸುವ ವ್ಯವಸ್ಥೆ. ಆ ಎಚ್ಚರಿಕೆಯನ್ನು ಮನೆಮನೆಗೆ ಒಯ್ಯುವವನೂ ಒಂದು ಅರ್ಥದಲ್ಲಿ ಯೋನನ ಕೆಲಸವನ್ನೇ ಮಾಡುತ್ತಾನೆ.

ಭವಿಷ್ಯ ಹೇಳುವುದನ್ನು ಬಿಟ್ಟ ದಾಸರು

ಮಾನ್ವಿ ಮತ್ತು ದೇವದುರ್ಗ ಹರಿದಾಸರ ನಾಡು. ವಿಜಯದಾಸರು (1682–1755) ಮಾನ್ವಿ ತಾಲೂಕಿನ ಚೀಕಲಪರ್ವಿಯವರು. ಅವರ ಶಿಷ್ಯ ಗೋಪಾಲದಾಸರು ದೇವದುರ್ಗ ತಾಲೂಕಿನ ಮೊಸರಕಲ್ಲಿನವರು. ಹರಿಕಥಾಮೃತಸಾರವನ್ನು ರಚಿಸಿದ ಜಗನ್ನಾಥದಾಸರು (1728–1809) ಬ್ಯಾಗವಟದಲ್ಲಿ ಹುಟ್ಟಿ ಮಾನ್ವಿಯಲ್ಲಿ ನೆಲೆಸಿದವರು.

ದಾಸ ಪರಂಪರೆಯಲ್ಲಿ ಹೇಳುವ ಕಥೆಯೊಂದು ನಮ್ಮ ವಿಷಯಕ್ಕೆ ಬಹಳ ಹತ್ತಿರದ್ದು. ಗೋಪಾಲದಾಸರ ಮೊದಲ ಹೆಸರು ಭಾಗಣ್ಣ. ಬಡತನದಲ್ಲಿ ಬೆಳೆದ ಅವರು ಗಾಯತ್ರಿ ಜಪದ ಸಿದ್ಧಿಯಿಂದ ಜನರ ಭವಿಷ್ಯ ಹೇಳಬಲ್ಲವರಾಗಿ, ಈಗಿನ ತೆಲಂಗಾಣದ ಉತ್ತನೂರಿನಲ್ಲಿ ಹೆಸರು ಮಾಡಿದರು. ವಿಜಯದಾಸರ ಸಂಪರ್ಕಕ್ಕೆ ಬಂದ ಮೇಲೆ ಅವರ ದಾರಿ ಬದಲಾಯಿತು. ಅವರು ಭಕ್ತಿಯ ಹಾಡುಗಳನ್ನು ರಚಿಸುವ ದಾಸರಾದರು. ಭಕ್ತಿಯಲ್ಲಿ ಭಾಗಣ್ಣ ಎಂಬ ಖ್ಯಾತಿ ಅವರದಾಯಿತು.

ಜಗನ್ನಾಥದಾಸರ ಕಥೆಯೂ ಇದಕ್ಕೆ ಹೊಂದಿಕೊಂಡಿದೆ. ಮೊದಲು ಶ್ರೀನಿವಾಸಾಚಾರ್ಯರೆಂಬ ದೊಡ್ಡ ಪಂಡಿತರಾಗಿದ್ದ ಅವರು, ಕನ್ನಡದಲ್ಲಿ ಹಾಡುವ ವಿಜಯದಾಸರನ್ನು ಕಡೆಗಣಿಸಿದರು. ನಂತರ ಹೊಟ್ಟೆಯ ರೋಗದಿಂದ ನರಳಿ, ತಮ್ಮ ಅಹಂಕಾರವನ್ನು ಬಿಟ್ಟು ಗೋಪಾಲದಾಸರ ಬಳಿಗೆ ಬಂದಾಗ, ಅವರು ತಮ್ಮ ಆಯುಷ್ಯದ 40 ವರ್ಷಗಳನ್ನೇ ಇವರಿಗೆ ದಾನ ಮಾಡಿದರು ಎಂಬುದು ಪ್ರತೀತಿ. ಆಯುಷ್ಯ ಎಷ್ಟೆಂದು ಹೇಳುವುದು ಜ್ಯೋತಿಷಿಯ ಕೆಲಸ. ಕಂಡ ಆಯುಷ್ಯವನ್ನು ಇನ್ನೊಬ್ಬರಿಗಾಗಿ ಕೊಟ್ಟುಬಿಡುವುದು ಪ್ರೀತಿಯ ಕೆಲಸ. ಕಥೆ ಇದ್ದದ್ದೇ ಎಂದು ಒಪ್ಪಲಿ ಬಿಡಲಿ, ಆ ನಾಡಿನ ಜನ ಯಾವುದನ್ನು ದೊಡ್ಡದೆಂದು ತಿಳಿದರು ಎಂಬುದು ಇದರಿಂದ ಸ್ಪಷ್ಟವಾಗುತ್ತದೆ.

ಚರಿತ್ರೆಯಲ್ಲಿ ಭವಿಷ್ಯವಾಣಿ: ಸುರಪುರದ ಅರಸ

ಭವಿಷ್ಯವಾಣಿ ರಾಜಕೀಯದೊಡನೆ ಬೆರೆತದ್ದಕ್ಕೆ 1857ರ ಕಾಲದ ಒಂದು ಉದಾಹರಣೆ ಇದೆ. 1757ರ ಪ್ಲಾಸಿ ಯುದ್ಧದಿಂದ ನೂರು ವರ್ಷಕ್ಕೆ ಕಂಪನಿಯ ಆಡಳಿತ ಮುಗಿಯುವುದು ಎಂಬ ಮಾತು ಆಗ ಉತ್ತರ ಭಾರತದಲ್ಲೆಲ್ಲ ಹಬ್ಬಿತ್ತು. ಅದೇ ಹೊತ್ತಿನಲ್ಲಿ ದೇವದುರ್ಗದ ನೆರೆಯ ಸುರಪುರದ ತರುಣ ಅರಸ ರಾಜಾ ವೆಂಕಟಪ್ಪ ನಾಯಕರು ಬ್ರಿಟಿಷರ ವಿರುದ್ಧ ಎದ್ದರು. 1858ರಲ್ಲಿ ಅವರು ಸೋತು ಸೆರೆಯಾದರು. ಸೆರೆವಾಸಕ್ಕೆ ಒಯ್ಯುವ ದಾರಿಯಲ್ಲಿ ಗುಂಡೇಟಿನಿಂದ ತೀರಿಕೊಂಡರು. ಸುರಪುರ ನಿಜಾಮರ ಕೈಸೇರಿತು.

ಅರಸರ ಬಾಲ್ಯದಲ್ಲಿ ಸುರಪುರದ ಆಡಳಿತ ನೋಡಿಕೊಂಡಿದ್ದ ಬ್ರಿಟಿಷ್ ಅಧಿಕಾರಿ ಮೆಡೋಸ್ ಟೇಲರ್ ತನ್ನ ಆತ್ಮಕಥೆಯಲ್ಲಿ ಒಂದು ಸಂಗತಿ ದಾಖಲಿಸಿದ್ದಾನೆ. ಅರಸನು 24ನೆಯ ವರ್ಷದಲ್ಲಿ ಸಾಯುವನು ಎಂದು ಜಾತಕದಲ್ಲಿದೆ ಎಂಬ ಗುಟ್ಟನ್ನು ಅಲ್ಲಿನ ಬ್ರಾಹ್ಮಣನೊಬ್ಬನು ಅವನಿಗೆ ಮೊದಲೇ ತಿಳಿಸಿದ್ದನಂತೆ. ಅರಸನ ಸಾವಿನ ನಂತರ ಆ ಮಾತು ನೆನಪಾಯಿತು.

ಇದನ್ನು ಓದಿದವರು ಭವಿಷ್ಯ ನಿಜವಾಯಿತು ಎಂದು ಬೆರಗಾಗುತ್ತಾರೆ. ಆದರೆ ಅರಸನು ಸೋತದ್ದು ಏಕೆ, ಸಂಸ್ಥಾನದ ಮೇಲಿದ್ದ ಒತ್ತಡ ಎಂತಹದು, ದಂಗೆಗೆ ಸೇರಿದ ಸಾಮಾನ್ಯ ಜನರ ಗತಿ ಏನಾಯಿತು ಎಂಬ ಪ್ರಶ್ನೆಗಳಿಗೆ ಜಾತಕದಲ್ಲಿ ಉತ್ತರವಿಲ್ಲ. ಎಲ್ಲವನ್ನೂ ಹಣೆಬರಹಕ್ಕೆ ಬಿಟ್ಟರೆ ಯಾರೂ ಯಾವುದಕ್ಕೂ ಹೊಣೆಯಾಗುವುದಿಲ್ಲ. ಪ್ರವಾದಿ ನಾತಾನನು ದಾವೀದ ಅರಸನ ಮುಂದೆ ನಿಂತು ತಪ್ಪಿತಸ್ಥ ನೀನೇ ಎಂದು ಬೆರಳು ತೋರಿಸಿದ್ದು ಇದಕ್ಕೆ ತದ್ವಿರುದ್ಧವಾದ ಕೆಲಸ. ಪ್ರವಾದಿ ಹೊಣೆಯನ್ನು ಮನುಷ್ಯನ ಕೈಗೆ ಹಿಂದಿರುಗಿಸುತ್ತಾನೆ.

ದೇವರ ಹೆಸರಿನ ಮಾತು ಸರಪಳಿಯಾದಾಗ

ಈಗ ಅತ್ಯಂತ ನೋವಿನ ವಿಷಯಕ್ಕೆ ಬರೋಣ. ರಾಯಚೂರು ಸೇರಿದಂತೆ ಉತ್ತರ ಕರ್ನಾಟಕದ ಜಿಲ್ಲೆಗಳಲ್ಲಿ ಬಡ ದಲಿತ ಕುಟುಂಬಗಳ ಹೆಣ್ಣುಮಕ್ಕಳನ್ನು ದೇವದಾಸಿ ಅಥವಾ ಬಸವಿ ಎಂದು ಬಿಡುವ ಪದ್ಧತಿ ಶತಮಾನಗಳ ಕಾಲ ನಡೆಯಿತು. ಇದರ ಆರಂಭದಲ್ಲಿ ಅನೇಕ ಸಲ ಇದ್ದದ್ದು ಒಂದು 'ಹೇಳಿಕೆ'. ಮನೆಯಲ್ಲಿ ರೋಗ, ಸಾಲು ಸಾವು, ಗಂಡುಮಕ್ಕಳಿಲ್ಲದಿರುವುದು, ಹುಡುಗಿಯ ತಲೆಯಲ್ಲಿ ಜಡೆಗಟ್ಟುವುದು – ಇಂತಹ ಯಾವುದಾದರೂ ಕಾರಣಕ್ಕೆ ಮನೆಯವರು ಕೇಳಲು ಹೋದಾಗ, ದೇವಿ ಈ ಮಗುವನ್ನು ಕರೆದಿದ್ದಾಳೆ, ಬಿಡದಿದ್ದರೆ ಮನೆಗೆ ಕೇಡು ಎಂಬ ಉತ್ತರ ಬರುತ್ತಿತ್ತು. ಹೆದರಿದ ತಂದೆತಾಯಿ ಮಗುವಿಗೆ ಮುತ್ತು ಕಟ್ಟಿಸುತ್ತಿದ್ದರು. ಅಲ್ಲಿಂದ ಮುಂದೆ ಆ ಮಗುವಿಗೆ ಮದುವೆ ಇಲ್ಲ, ಹುಟ್ಟುವ ಮಕ್ಕಳಿಗೆ ಶಾಲೆಯ ದಾಖಲೆಯಲ್ಲಿ ಬರೆಸಲು ತಂದೆಯ ಹೆಸರಿಲ್ಲ.

ಜಡೆಗಟ್ಟುವುದು ದೇವಿಯ ಗುರುತಲ್ಲ. ಕೂದಲನ್ನು ಸರಿಯಾಗಿ ತೊಳೆದು ಬಾಚದಿದ್ದಾಗ, ಹೇನು ಮತ್ತು ಕೊಳೆಯಿಂದ ಅದು ಹೆಣೆದುಕೊಳ್ಳುತ್ತದೆ. ಕತ್ತರಿಸಿದರೆ ರಕ್ತ ಸುರಿಯುತ್ತದೆ, ಸಾವು ಬರುತ್ತದೆ ಎಂಬ ಭಯವೇ ಅದನ್ನು ತಲೆಯ ಮೇಲೆ ಉಳಿಸುತ್ತದೆ. ಕತ್ತರಿಸಿಕೊಂಡ ಅನೇಕ ಮಹಿಳೆಯರು ಆರೋಗ್ಯದಿಂದಿದ್ದಾರೆ.

ಕರ್ನಾಟಕ ವಿಧಾನಮಂಡಲವು 1982ರಲ್ಲಿ ದೇವದಾಸಿ ಸಮರ್ಪಣೆ ನಿಷೇಧ ಕಾಯಿದೆಯನ್ನು ಮಾಡಿತು. ಆದರೂ 1993–94ರ ಸರಕಾರಿ ಸಮೀಕ್ಷೆಯಲ್ಲಿ 22,873 ದೇವದಾಸಿಯರು, 2007–08ರ ಸಮೀಕ್ಷೆಯಲ್ಲಿ ಇನ್ನೂ 23,787 ಮಂದಿ, ಒಟ್ಟು 46,660 ಮಹಿಳೆಯರು ಗುರುತಿಸಲ್ಪಟ್ಟರು. ದೇವರು ಹೇಳಿದ್ದಾನೆ ಎಂಬ ಮಾತಿನ ಬೆಲೆಯನ್ನು ಆ ಮಾತಾಡಿದವರು ತೆರಲಿಲ್ಲ, ಈ ಮಹಿಳೆಯರು ತೆತ್ತರು.

ಇದೇ ಸೀಮೆಯಲ್ಲಿ ದೇವದಾಸಿ ಮಹಿಳೆಯರು ಸಂಘಟಿತರಾಗಿ ಪಿಂಚಣಿ, ಮನೆ, ಮಕ್ಕಳ ಓದಿಗಾಗಿ ಧ್ವನಿ ಎತ್ತಿದರು. ನಮ್ಮ ಮಗಳಿಗೆ ಮುತ್ತು ಕಟ್ಟಿಸುವುದಿಲ್ಲ ಎಂದು ತಾಯಂದಿರು ನಿಂತರು. ಆಮೋಸನು ಬೇತೇಲಿನಲ್ಲಿ ನಿಂತಂತೆ ಇವರು ತಮ್ಮ ಊರಿನ ಗುಡಿಯ ಮುಂದೆ ನಿಂತರು. ಬೈಬಲಿನ ಅರ್ಥದಲ್ಲಿ ಪ್ರವಾದನೆಯ ಮಾತು ಅವರದೇ.

ಧರ್ಮಸಭೆಯ ಬೋಧನೆ

ಜ್ಞಾನಸ್ನಾನ ಪಡೆದ ಪ್ರತಿಯೊಬ್ಬರೂ ಕ್ರಿಸ್ತರ ಯಾಜಕ, ಪ್ರವಾದಿ ಮತ್ತು ರಾಜ ಸೇವೆಗಳಲ್ಲಿ ಪಾಲು ಪಡೆಯುತ್ತಾರೆ. ಎರಡನೇ ವ್ಯಾಟಿಕನ್ ಮಹಾಸಭೆಯು 1964ರಲ್ಲಿ ಪ್ರಕಟಿಸಿದ ಧರ್ಮಸಭೆಯ ಕುರಿತ ಸಂವಿಧಾನದಲ್ಲಿ ಇದನ್ನು ಒತ್ತಿ ಹೇಳಿದೆ. ಪ್ರವಾದಿ ಸೇವೆ ಧರ್ಮಗುರುಗಳಿಗೆ ಮಾತ್ರ ಸೀಮಿತವಲ್ಲ. ಅದು ಮನೆಯಲ್ಲಿ, ಹೊಲದಲ್ಲಿ, ಕಚೇರಿಯಲ್ಲಿ ಇರುವ ಶ್ರೀಸಾಮಾನ್ಯ ವಿಶ್ವಾಸಿಗಳ ಕರ್ತವ್ಯವೂ ಹೌದು.

1992ರ ಕಥೋಲಿಕ ಧರ್ಮೋಪದೇಶ ಗ್ರಂಥವು ಜಾತಕ, ಹಸ್ತಸಾಮುದ್ರಿಕ, ಶಕುನ, ಪ್ರೇತಗಳನ್ನು ಕೇಳುವುದು ಮೊದಲಾದವುಗಳನ್ನು ತಿರಸ್ಕರಿಸುತ್ತದೆ. ಭವಿಷ್ಯವನ್ನು ದೇವರ ಕೈಗೆ ಒಪ್ಪಿಸಿ, ಅದೇ ಸಮಯದಲ್ಲಿ ನಮ್ಮ ಹೊಣೆಗಾರಿಕೆಯನ್ನು ಮರೆಯದಿರಬೇಕು ಎಂಬುದು ಅದರ ಬೋಧನೆ. 2000ರಲ್ಲಿ ಫಾತಿಮಾದ ಮೂರನೆಯ ರಹಸ್ಯವನ್ನು ಪ್ರಕಟಿಸಿದಾಗ ಕಾರ್ಡಿನಲ್ ರಾಟ್ಸಿಂಗರ್ ಅವರು ಬರೆದ ವಿವರಣೆಯಲ್ಲೂ, ಬೈಬಲಿನ ಪ್ರವಾದನೆಯೆಂದರೆ ಇಂದಿನ ಕಾಲಕ್ಕೆ ದೇವರ ಚಿತ್ತವನ್ನು ತಿಳಿಸುವುದು ಎಂದು ಸ್ಪಷ್ಟಪಡಿಸಿದ್ದಾರೆ. 2024ರ ಮೇ ತಿಂಗಳಿನಲ್ಲಿ ವ್ಯಾಟಿಕನ್ ಹೊರಡಿಸಿದ ಹೊಸ ನಿಯಮಗಳು ದರ್ಶನ, ಸಂದೇಶ ಮುಂತಾದವುಗಳ ಪರಿಶೀಲನೆಯ ಹೊಣೆಯನ್ನು ಧರ್ಮಾಧ್ಯಕ್ಷರಿಗೆ ಕೊಟ್ಟು, ಹಣ, ಅಧಿಕಾರ, ಪ್ರಸಿದ್ಧಿಯ ಆಸೆ ಕಂಡುಬಂದರೆ ಅದನ್ನು ಕೆಟ್ಟ ಲಕ್ಷಣವೆಂದು ಎಣಿಸಬೇಕೆಂದಿವೆ.

ನಮ್ಮ ನಡುವೆಯೂ ಹನನ್ಯರಿಲ್ಲದಿಲ್ಲ. ಪ್ರಾರ್ಥನಾ ಕೂಟದಲ್ಲಿ ವೀಸಾ ಸಿಗುವುದು, ಸಂತಾನವಾಗುವುದು, ಇಂತಿಂಥವರು ಮಾಟ ಮಾಡಿಸಿದ್ದಾರೆ ಎಂದೆಲ್ಲ 'ಪ್ರವಾದನೆ' ಹೇಳಿ ಕಾಣಿಕೆ ಕೇಳುವವರಿದ್ದಾರೆ. 2012ರ ಡಿಸೆಂಬರ್ 21ರಂದು ಲೋಕ ಮುಗಿಯುವುದೆಂದು ಹೆದರಿದವರಲ್ಲಿ ಕ್ರೈಸ್ತರೂ ಇದ್ದರು. ಮೈಲಾರದ ಬಿಲ್ಲನ್ನು ಕಂಡು ನಗುವ ಮೊದಲು ನಮ್ಮ ಮನೆಯ ಟಿ.ವಿ. ಮತ್ತು ಮೊಬೈಲಿನಲ್ಲಿ ಬರುವುದನ್ನು ನೋಡಿಕೊಳ್ಳುವುದು ಒಳ್ಳೆಯದು.

ಪರೀಕ್ಷಿಸುವ ಬಗೆ

ಸಂತ ಪೌಲರು ಪ್ರವಾದನೆಗಳನ್ನು ತುಚ್ಛವಾಗಿ ಕಾಣಬೇಡಿ, ಆದರೆ ಎಲ್ಲವನ್ನೂ ಪರೀಕ್ಷಿಸಿ ಎಂದು ಥೆಸಲೋನಿಕದವರಿಗೆ ಬುದ್ಧಿ ಹೇಳಿದ್ದಾರೆ. ಪ್ರವಾದನೆ ಜನರನ್ನು ಕಟ್ಟಬೇಕು, ಹುರಿದುಂಬಿಸಬೇಕು, ಸಂತೈಸಬೇಕು ಎಂಬುದು ಕೊರಿಂಥದವರಿಗೆ ಅವರು ಬರೆದ ಮೊದಲ ಪತ್ರದ ಸಾರ. ಇದನ್ನು ಆಧರಿಸಿ ಐದು ಪ್ರಶ್ನೆಗಳನ್ನು ಕೇಳಬಹುದು:

1. ಈ ಮಾತಿನಿಂದ ಕೇಳಿದವನ ಭಯ ಹೆಚ್ಚುತ್ತದೆಯೋ, ಹೊಣೆಗಾರಿಕೆ ಹೆಚ್ಚುತ್ತದೆಯೋ?

2. ಹೇಳಿದವನಿಗೆ ಇದರಿಂದ ಹಣ ಅಥವಾ ಅಧಿಕಾರ ಸಿಗುತ್ತದೆಯೇ?

3. ಇದರ ಬೆಲೆಯನ್ನು ತೆರುವವರು ಯಾರು? ಮಗು, ವಿಧವೆ, ಬಡವ, ನೆರೆಯವರ ಮೇಲೆ ಹೊರೆ ಬೀಳುತ್ತದೆಯೇ?

4. ಮನಪರಿವರ್ತನೆಗೆ ಇದರಲ್ಲಿ ಅವಕಾಶವಿದೆಯೇ, ಅಥವಾ ಎಲ್ಲವೂ ಮೊದಲೇ ತೀರ್ಮಾನವಾಗಿದೆಯೇ?

5. ಬೇರೆಯವರು ಪ್ರಶ್ನಿಸಲು, ಪರಿಶೀಲಿಸಲು ಇದು ಬಿಡುತ್ತದೆಯೇ?

ಸೇವಾನಿರತರ ಗಮನಕ್ಕೆ

ರಾಯಚೂರು, ಮಾನ್ವಿ, ದೇವದುರ್ಗದಂತಹ ಕಡೆ ಸೇವೆ ಮಾಡುವವರು ಕೆಲವು ವಿಷಯಗಳನ್ನು ನೆನಪಿಡುವುದು ಒಳಿತು. ಜನರ ಜಾತ್ರೆ, ಕಾಲಜ್ಞಾನ, ಹೇಳಿಕೆಗಳನ್ನು ಮೂಢನಂಬಿಕೆ ಎಂದು ಒಂದೇ ಮಾತಿನಲ್ಲಿ ತಳ್ಳಿಹಾಕಬಾರದು. ಅದರೊಳಗೆ ನ್ಯಾಯದ ಹಂಬಲವೂ ಕೂಡಿಬಾಳುವ ರೂಢಿಯೂ ಇದೆ. ಹಾಗೆಯೇ ಒಂದು ಭಯವನ್ನು ತೆಗೆದು ಅದರ ಜಾಗದಲ್ಲಿ ಇನ್ನೊಂದು ಭಯವನ್ನು ಇಡಬಾರದು. ದೇವಿಯ ಕೋಪದ ಬದಲು ಯೇಸುಸ್ವಾಮಿಯ ಕೋಪ ಎಂದು ಹೆದರಿಸುವುದು ಶುಭಸಂದೇಶವಲ್ಲ.

ಹುಡುಗಿಯ ತಲೆಯಲ್ಲಿ ಜಡೆ ಕಂಡರೆ ತಾಯಿಯೊಡನೆ ಸಮಾಧಾನದಿಂದ ಮಾತನಾಡಿ, ಆರೋಗ್ಯ ಕೇಂದ್ರಕ್ಕೆ ಕರೆದೊಯ್ಯಬೇಕು. ಈಗಾಗಲೇ ಜಡೆ ತೆಗೆಸಿಕೊಂಡ ಮಹಿಳೆಯ ಮಾತು ಹತ್ತು ಭಾಷಣಗಳಿಗಿಂತ ಹೆಚ್ಚು ನಾಟುತ್ತದೆ. ಮಗುವನ್ನು ಬಿಡುವ ಸುಳಿವು ಸಿಕ್ಕರೆ 1098 ಮಕ್ಕಳ ಸಹಾಯವಾಣಿಗೆ ತಿಳಿಸಬೇಕು. ದೆವ್ವ ಬಿಡಿಸುವ ನೆಪದಲ್ಲಿ ಹಿಂಸೆ ನಡೆದರೆ, ಕರ್ನಾಟಕದಲ್ಲಿ 2020ರ ಜನವರಿಯಿಂದ ಜಾರಿಯಲ್ಲಿರುವ ಅಮಾನವೀಯ ದುಷ್ಟ ಪದ್ಧತಿಗಳು ಮತ್ತು ವಾಮಾಚಾರ ತಡೆ ಕಾಯಿದೆಯ ಅಡಿ ದೂರು ಕೊಡಬಹುದು. ಮಳೆಯ ವಿಷಯ ಬಂದಾಗ ಹವಾಮಾನ ಇಲಾಖೆ ಮತ್ತು 2009ರಲ್ಲಿ ಆರಂಭವಾದ ರಾಯಚೂರು ಕೃಷಿ ವಿಶ್ವವಿದ್ಯಾಲಯದ ಸಲಹೆಗಳನ್ನು ರೈತರಿಗೆ ಅವರದೇ ಮಾತಿನಲ್ಲಿ ಮುಟ್ಟಿಸಬೇಕು.

ಪ್ರವಾದಿ ಸೇವೆ ಎಂಬುದು ದೊಡ್ಡ ಮಾತು. ಆದರೆ ಮಾನ್ವಿಯ ಒಂದು ಹಳ್ಳಿಯಲ್ಲಿ ಅದು ಬಹಳ ಚಿಕ್ಕ ಕೆಲಸವಾಗಿಯೂ ಬರಬಹುದು. ಹೆದರಿದ ತಾಯಿಯೊಬ್ಬಳ ಪಕ್ಕದಲ್ಲಿ ಕುಳಿತು, ಈ ಮಗುವಿನ ಭವಿಷ್ಯವನ್ನು ಯಾರೂ ಬರೆದು ಮುಗಿಸಿಲ್ಲ, ನಾಳೆ ಇವಳನ್ನು ಶಾಲೆಗೆ ಕಳಿಸಮ್ಮ ಎಂದು ಹೇಳುವುದು, ಮರುದಿನ ಬೆಳಿಗ್ಗೆ ಹೋಗಿ ಮಗುವನ್ನು ಕೈಹಿಡಿದು ಕರೆದೊಯ್ಯುವುದು.